ಎಂಟನೇ ಫಾರಂ

ನಮ್ಮ ದೊಡ್ಡಮ್ಮನಿಗೆ ಎರಡೇ ಎರಡು ವಿಷಯಕ್ಕೆ ಜಂಬ. ತಾನು ಹೊಲಿದ ಪುಸ್ತಕದಲ್ಲಿ ಒಂದು ಹಾಳೆಯೂ ಹಿಂದುಮುಂದಾಗಿಲ್ಲ ಎನ್ನುವುದು ಒಂದು. ತಾನು ಊಟಕ್ಕೆ ಕೂಗಿದರೆ ಬೀದಿಯ ಕೊನೆಯ ಮನೆಯವರಿಗೂ ಹಸಿವಾಗುತ್ತದೆ ಎನ್ನುವುದು ಇನ್ನೊಂದು. ಮೊದಲನೆಯ ಜಂಬ ಮುರಿದುಬಿದ್ದ ಕತೆಯನ್ನು ಈಗ ಊರವರೆಲ್ಲ ತಮಗೆ ತೋಚಿದ ಹಾಗೆ ಹೇಳಿಕೊಂಡು ತಿರುಗುತ್ತಿದ್ದಾರೆ. ಅದೆಲ್ಲ ನಡೆಯುವಾಗ ನಡುವೆ ನಿಂತಿದ್ದವಳು ನಾನು. ಆದ್ದರಿಂದ ಸರಿಯಾಗಿ ಹೇಳುವ ಹಕ್ಕು ನನ್ನದು, ಅಡ್ಡಬಾಯಿ ಹಾಕುವವರು ಕೊನೆಯವರೆಗೂ ಸುಮ್ಮನಿರಬೇಕು.

ನಾನು ಸಾರ್ವಜನಿಕ ಗ್ರಂಥಾಲಯದಲ್ಲಿ ಪುಸ್ತಕ ಕೊಡುವ ಕೌಂಟರಿನಲ್ಲಿ ಕೂರುವವಳು. ಹೊಲಿಗೆ ಬಿಟ್ಟ ಪುಸ್ತಕಗಳನ್ನು ಚೀಲಕ್ಕೆ ತುಂಬಿ ದೊಡ್ಡಮ್ಮನ ಮನೆಗೆ ಹೊರುವುದೂ ನನ್ನ ಕೆಲಸವೇ. ಅವಳು ಅವನ್ನು ಬೈಂಡ್ ಮಾಡಿಕೊಡುತ್ತಾಳೆ. ಅವಳ ಗಂಡ, ಅಂದರೆ ನಮ್ಮಪ್ಪನ ಅಣ್ಣ, ತಂತಿವಾದ್ಯಗಳ ರಿಪೇರಿ ಮಾಡುತ್ತಾರೆ. ಇಬ್ಬರ ಕೆಲಸವೂ ಮನೆಯ ಮುಂದಿನ ಕೋಣೆಯಲ್ಲಿ, ಒಂದೇ ಉದ್ದನೆಯ ಮೇಜಿನ ಮೇಲೆ. ಕಿಟಕಿಯ ಕಡೆಯ ಅರ್ಧ ದೊಡ್ಡಮ್ಮನದು: ದಬ್ಬಣ, ಮೇಣ ಹಚ್ಚಿದ ದಾರ, ರಟ್ಟು, ಮೈದಾ ಗೋಂದಿನ ಬೋಗುಣಿ. ಗೋಡೆಯ ಕಡೆಯ ಅರ್ಧ ದೊಡ್ಡಪ್ಪನದು: ಕತ್ತು ಮುರಿದ ಪಿಟೀಲು, ಹೊಟ್ಟೆ ಬಿರಿದ ಗಿಟಾರು, ಮರಕ್ಕೆ ಹಚ್ಚುವ ಅಂಟು ಕಾಯಿಸುವ ಸಣ್ಣ ಒಲೆ. ನಡುವೆ ಒಂದು ಗಡಿ ಇದೆ ಎಂದು ಇಬ್ಬರೂ ಒಪ್ಪುತ್ತಾರೆ. ಅದು ಎಲ್ಲಿದೆ ಎಂಬುದಕ್ಕೆ ಮಾತ್ರ ದಿನಾ ಜಗಳ. ಎರಡು ಬಗೆಯ ಅಂಟಿನ ವಾಸನೆ ಸೇರಿ ಹೊಸಬರಿಗೆ ತಲೆ ತಿರುಗುತ್ತದೆ. ನನಗೆ ಆ ವಾಸನೆ ಮೂಗಿಗೆ ಬಿದ್ದರೆ ಸಾಕು, ಹೊತ್ತು ತಂದ ಚೀಲದ ಭಾರ ಮರೆತುಹೋಗುತ್ತದೆ.

ದೊಡ್ಡಮ್ಮ ಹುಡುಗಿಯಾಗಿದ್ದಾಗಲೇ ಅಚ್ಚುಕೂಟಕ್ಕೆ ಸೇರಿದವಳು. ಅಚ್ಚಾದ ದೊಡ್ಡ ಹಾಳೆಯನ್ನು ಮಡಚಿ ಮಡಚಿ ಹದಿನಾರು ಪುಟದ ಕಂತೆ ಮಾಡುವುದು ಅವಳ ಕೆಲಸ. ಅಂಥ ಒಂದು ಕಂತೆಗೆ ಫಾರಂ ಎನ್ನುತ್ತಾರೆ. ಫಾರಂಗಳನ್ನು ಒಂದರ ಮೇಲೊಂದು ಪೇರಿಸಿ ಹೊಲಿದರೆ ಪುಸ್ತಕ. ಯಾವುದಾದ ಮೇಲೆ ಯಾವುದು ಎಂದು ತಿಳಿಯಲು ಪ್ರತಿ ಫಾರಮಿನ ಮೊದಲ ಪುಟದ ಅಡಿಯಲ್ಲಿ ಇರುವೆಯಷ್ಟು ಸಣ್ಣ ಅಂಕಿಯೊಂದಿರುತ್ತದೆ. ಓದುವವರು ಯಾರೂ ಅದನ್ನು ನೋಡುವುದಿಲ್ಲ. ದೊಡ್ಡಮ್ಮ ನೋಡುವುದು ಅದನ್ನು ಮಾತ್ರ. "ಹೊಲಿಯೋವಾಗ ಓದಬಾರದು ಕಣೇ. ಒಂದು ಸಾಲು ಓದಿದ್ರೆ ಮುಂದಿನ ಸಾಲು ಕರೆಯುತ್ತೆ, ಸೂಜಿ ಬೆರಳಿಗೆ ಹೋಗುತ್ತೆ" ಎನ್ನುವುದು ಅವಳ ಕಟ್ಟುನಿಟ್ಟಿನ ನಿಯಮ. ಕೆಲಸ ಮುಗಿದು, ಪುಸ್ತಕ ಒತ್ತಿನಲ್ಲಿ, ಅಂದರೆ ಬಿಗಿದ ಎರಡು ಹಲಗೆಗಳ ನಡುವೆ, ಒಣಗಿ ಹೊರಬಂದ ಮೇಲೆಯೇ ಅವಳ ಓದು.

ದೊಡ್ಡಪ್ಪ ಅವಳ ಕಣ್ಣಿಗೆ ಬಿದ್ದದ್ದೂ ಅದೇ ಅಚ್ಚುಕೂಟದಲ್ಲಿ. ಪಿಟೀಲಿನ ಹೊಟ್ಟೆಯೊಳಗೆ, ಸೀಳಿನಿಂದ ಇಣುಕಿದರೆ ಕಾಣುವ ಹಾಗೆ, ಮಾಡಿದವರ ಹೆಸರಿನ ಚೀಟಿ ಅಂಟಿಸಿರುತ್ತಾರೆ. ಅಂಥ ನೂರು ಚೀಟಿ ಅಚ್ಚು ಹಾಕಿಸಲು ಬಂದಿದ್ದರು ಈ ಮಹಾರಾಯರು. ಮೇಲೆ ಬಳ್ಳಿಯ ಚಿತ್ತಾರ, ಕೆಳಗೆ ದಪ್ಪಕ್ಷರದಲ್ಲಿ 'ಮಾಡಿದವರು' ಎಂದು, ಅದರ ಮುಂದೆ ಅವರ ಹೆಸರು. ಚೀಟಿ ಕತ್ತರಿಸುತ್ತಿದ್ದ ದೊಡ್ಡಮ್ಮ ಸುಮ್ಮನಿರಲಾರದೆ, "ಇಲ್ಲೀವರೆಗೆ ಎಷ್ಟು ಪಿಟೀಲು ಮಾಡಿದ್ದೀರಾ?" ಎಂದು ಕೇಳಿದಳಂತೆ.

"ಇನ್ನೂ ಒಂದೂ ಇಲ್ಲ."

"ಕೂಸು ಹುಟ್ಟೋಕೆ ಮುಂಚೆ ಕುಲಾವಿ ಹೊಲಿಸೋರನ್ನ ಕೇಳಿದ್ದೆ, ನೋಡಿದ್ದು ಇದೇ ಮೊದಲು" ಎಂದು ಅವಳು ನಕ್ಕಳು, ಅವರೂ ನಕ್ಕರು, ನಗು ಮದುವೆಯವರೆಗೆ ಹೋಯಿತು. ಕುಲಾವಿ ಮಾತ್ರ ಹಾಗೇ ಉಳಿಯಿತು. ಮನೆ ನಡೆಯಬೇಕಲ್ಲ. ಬಂದ ರಿಪೇರಿ ಬಿಡುವ ಹಾಗಿರಲಿಲ್ಲ, ಒಂದು ಮುಗಿಯುವಷ್ಟರಲ್ಲಿ ಇನ್ನೊಂದು ಬಾಗಿಲಿಗೆ ಬರುತ್ತಿತ್ತು. ಬಿಸ್ಕತ್ತಿನ ಡಬ್ಬಿಯೊಳಗೆ ಆ ಚೀಟಿಗಳು ಹಳದಿಯಾದವು. ಊರಿನ ಸಂಗೀತಗಾರರೆಲ್ಲ ದೊಡ್ಡಪ್ಪನನ್ನು 'ರಿಪೇರಿಯವರು' ಎಂದೇ ಕರೆಯುತ್ತಾರೆ. ಅವರು ಎದುರಿಗೆ ನಗುತ್ತಿದ್ದರು. ಆದರೆ ಯಾರದೋ ವಾದ್ಯದೊಳಗೆ ದೀಪ ಬಿಟ್ಟು ಯಾರದೋ ಹೆಸರು ಓದುವಾಗ ಅವರ ಮುಖ ನೋಡಬೇಕಿತ್ತು.

ಓದಿನಲ್ಲಂತೂ ಅವರಿಬ್ಬರದು ಎತ್ತು ಏರಿಗೆ, ಕೋಣ ನೀರಿಗೆ. ದೊಡ್ಡಪ್ಪನಿಗೆ ತಂತಿವಾದ್ಯಗಳ ಪುಸ್ತಕ, ಸಂಗೀತದ ಚರಿತ್ರೆ, ಇಷ್ಟೇ. ದೊಡ್ಡಮ್ಮನಿಗೆ ಹಾರುವ ಕೋಟೆ, ಮಾತಾಡುವ ಕಾಡು, ನೆರಳು ಮಾರುವ ಮಾಟಗಾತಿ ಇರುವ ಕಾದಂಬರಿಗಳೇ ಆಗಬೇಕು.

"ಕಟ್ಟುಕತೆ ಓದಿ ಏನೇ ಸಿಗುತ್ತೆ ನಿಂಗೆ?"

"ನಿಮ್ಮ ಚರಿತ್ರೇಲಿ ಏನು ಸಿಗುತ್ತೆ? ಎಲ್ಲಾ ಸತ್ತೋರು. ನನ್ನ ಪುಸ್ತಕದಲ್ಲಿ ಸತ್ತೋರೂ ಎದ್ದು ಬರ್ತಾರೆ."

ಒಮ್ಮೆ ನಾನು ತಂದ ಚೀಲದಲ್ಲಿ ಎರಡು ದಪ್ಪ ಪುಸ್ತಕಗಳಿದ್ದವು. ಒಂದು ತಂತಿವಾದ್ಯಗಳ ಚರಿತ್ರೆ. ಇನ್ನೊಂದು, ಮೋಡದ ಮೇಲಿನ ಊರಿನಲ್ಲಿ ಮಾತು ಮರೆತುಹೋದ ರಾಣಿಯ ಕಾದಂಬರಿ. ಎರಡೂ ಒಂದೇ ಅಳತೆ, ಒಂದೇ ಅಚ್ಚು, ಒಂದೇ ಅಗ್ಗದ ಕಾಗದ, ಪುಟದ ನೆತ್ತಿಯ ಮೇಲೆ ಪುಸ್ತಕದ ಹೆಸರೂ ಇಲ್ಲ. ದೊಡ್ಡಮ್ಮ ಎರಡರ ಹಳೆಯ ಹೊಲಿಗೆಯನ್ನೂ ಬಿಚ್ಚಿ ಫಾರಂಗಳನ್ನು ಬೇರೆ ಬೇರೆ ಪೇರಿಸಿ ಒಳಗೆ ಹೋದಳು. ಅಷ್ಟರಲ್ಲಿ ದೊಡ್ಡಪ್ಪನಿಗೆ ಒಂದು ಚೆಲ್ಲೋವನ್ನು ಮೇಜಿನ ಮೇಲೆ ಮಲಗಿಸಬೇಕಾಯಿತು. ಅದು ಆಳೆತ್ತರದ ವಾದ್ಯ, ಗಡಿಯೊಳಗೆ ಹಿಡಿಸುತ್ತದೆಯೇ? ಎರಡೂ ಕಂತೆಗಳನ್ನು ಎತ್ತಿ ಒಂದೇ ಕುರ್ಚಿಯ ಮೇಲೆ ಹೇರಿದರು. ಮೇಲಿನದು ಜಾರಿತು, ಅವರು ಎತ್ತಿ ಜೋಡಿಸಿದರು, ಬಾಯಿ ಬಿಡಲಿಲ್ಲ. ದೊಡ್ಡಮ್ಮ ಬಂದು ಎಂದಿನಂತೆ ಅಡಿಯ ಅಂಕಿ ನೋಡಿದಳು. ಆರು, ಏಳು, ಎಂಟು, ಒಂಬತ್ತು. ಎಲ್ಲ ಸರಿಯಾಗಿತ್ತು. ಚರಿತ್ರೆಯ ಎಂಟು ಕಾದಂಬರಿಗೆ ಹೋಗಿತ್ತು, ಕಾದಂಬರಿಯ ಎಂಟು ಚರಿತ್ರೆಗೆ ಬಂದಿತ್ತು. ಹೊಲಿಯುವಾಗ ಓದಬಾರದಲ್ಲ! ಹೊಲಿದೇ ಬಿಟ್ಟಳು.

ಚರಿತ್ರೆಯ ಪುಸ್ತಕ ಒತ್ತಿನಿಂದ ಹೊರಬಂದದ್ದೇ ತಡ, ದೊಡ್ಡಪ್ಪ ಕಸಿದುಕೊಂಡರು. ಮಾರನೆಯ ದಿನ ನಾನು ಹೋದಾಗ ಅವರು ಕುರ್ಚಿಯಲ್ಲಿ ಕೂತಿರಲಿಲ್ಲ, ಕೋಣೆಯ ಉದ್ದಕ್ಕೂ ಓಡಾಡುತ್ತಿದ್ದರು.

"ಬಾ ಪುಟ್ಟಿ, ಬಾ! ಇದನ್ನ ಕೇಳು. ಹೊರಗೆ ಐದು ತಂತಿ. ಒಳಗೆ, ಹೊಟ್ಟೆಯ ಕತ್ತಲಲ್ಲಿ, ಹನ್ನೊಂದು! ಯಾರೂ ಅವನ್ನ ಮುಟ್ಟೋ ಹಾಗಿಲ್ಲ. ಎದುರಿಗಿರೋರು ಮಾತಾಡಿದ್ರೆ ವಾದ್ಯ ತಾನಾಗೇ ಉತ್ತರ ಕೊಡುತ್ತಂತೆ! ಇಷ್ಟು ವರ್ಷ ಓದಿದ್ದೀನಿ, ಇಂಥ ವಾದ್ಯ ಎಲ್ಲೂ ಕಂಡಿಲ್ಲ. ಅಳತೆ ಸಮೇತ ಕೊಟ್ಟಿದ್ದಾನೆ ಪುಣ್ಯಾತ್ಮ!"

ನಾನು ಇಣುಕಿದೆ. ಹೊಟ್ಟೆ ಎಷ್ಟು ಗೇಣು, ಕತ್ತು ಎಷ್ಟು ಬೆರಳು, ಒಳತಂತಿ ಬಿಗಿಮಾಡುವ ಬಿರಡೆ ತಿರುಗಿಸಲು ಹಿಂಬದಿಯಲ್ಲಿ ಅಂಗೈಯಗಲದ ಬಾಗಿಲು, ಎಲ್ಲ ಇತ್ತು. ಆದರೆ ಒಂದು ಕಡೆ ಒಳತಂತಿಗೆ ನೀಲಿ ಹಲ್ಲಿಯ ಮೀಸೆ ಶ್ರೇಷ್ಠ ಎಂದಿತ್ತು.

"ದೊಡ್ಡಪ್ಪ, ಹಲ್ಲಿಗೆ ಮೀಸೆ ಇರುತ್ತಾ?"

"ಯಾವುದೋ ಲೋಹದ ಹಳೇ ಹೆಸರು ಕಣಮ್ಮ. ಹಿತ್ತಾಳೆ ಇರಬೇಕು."

"ಮೆರುಗೆಣ್ಣೆಗೆ ಎರಡು ಹನಿ ಮೋಡ ಅಂತಿದೆ."

"ಆವಿ ಹಿಡಿದ ನೀರು. ಅಷ್ಟೂ ಗೊತ್ತಾಗಲ್ವಾ?"

"ನಡುನಡುವೆ 'ಮಗಳೇ' ಅಂತ ಯಾಕಿದೆ?"

"ಗುರು ಶಿಷ್ಯೆಗೆ ಹೇಳೋ ಶೈಲಿ. ಚರಿತ್ರೆ ಬರೆಯೋರು ಸುಮ್ಮಸುಮ್ಮನೆ ಬರೀತಾರಾ?"

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವವರ ಹತ್ತಿರ ಏನು ವಾದ? ನಾನು ಸುಮ್ಮನಾದೆ. ಸುಮ್ಮನಾದದ್ದಕ್ಕೆ ಇನ್ನೊಂದು ಕಾರಣವೂ ಇತ್ತು. ದೊಡ್ಡಪ್ಪ ಅಷ್ಟು ಉತ್ಸಾಹದಲ್ಲಿದ್ದುದನ್ನು ನಾನು ಹುಟ್ಟಿದಾಗಿನಿಂದ ನೋಡಿರಲಿಲ್ಲ. ಅವರು ಹಳೆಯ ಕಪಾಟಿನ ಬಾಗಿಲನ್ನೇ ಕಿತ್ತು ಮರ ಮಾಡಿಕೊಂಡರು. ದೊಡ್ಡಮ್ಮನ ಸೀರೆಗಳು ಕಪಾಟಿನೊಳಗಿಂದ ಬೀದಿಗೆ ಕಾಣುವಂತಾದವು, ಅವಳೂ ಬಯ್ಯಲಿಲ್ಲ. ಕೆತ್ತಿದರು, ಉಜ್ಜಿದರು, ಬಾಗಿಸಿದರು. ರಿಪೇರಿಗೆ ಬಂದ ಗಿಟಾರುಗಳು ಮೂಲೆ ಸೇರಿದವು. ದೊಡ್ಡಮ್ಮ ಅಡುಗೆಮನೆಯಿಂದ, "ಊಟಕ್ಕೆ ಬನ್ರೀ...!" ಎಂದು ಉದ್ದಕ್ಕೆ ಎಳೆದು ಕೂಗುತ್ತಿದ್ದಳು. ಇವರು "ಬಂದೆ, ಬಂದೆ" ಎನ್ನುತ್ತ ಅಲ್ಲೇ ಕೂತಿರುತ್ತಿದ್ದರು. ಅದೇನೂ ಹೊಸದಲ್ಲ, ಮದುವೆಯಾದಾಗಿನಿಂದ ಅವರು ಒಂದನೇ ಕೂಗಿಗೆ ಎದ್ದವರಲ್ಲ.

ಸಂಗೀತ ಶಾಲೆಯ ಮೇಡಂ ಒಮ್ಮೆ ಪಿಟೀಲು ಕೊಡಲು ಬಂದವರು ಅರ್ಧ ಆದ ವಾದ್ಯ ನೋಡಿ ನಿಂತುಬಿಟ್ಟರು. ದೊಡ್ಡಪ್ಪ ಪುಸ್ತಕ ತೆರೆದು ತೋರಿಸಿದರು. ಮೇಡಂ ಓದಿ, ಶಾಲೆಯ ವಾರ್ಷಿಕೋತ್ಸವದಲ್ಲಿ ಅದನ್ನು ವೇದಿಕೆಗೆ ತರಲೇಬೇಕೆಂದರು. ಆಹ್ವಾನ ಪತ್ರಿಕೆಯೂ ಬಂತು: 'ಚರಿತ್ರೆಯ ಮಡಿಲಿನಿಂದ ಮರಳಿ ಬಂದ ವಾದ್ಯ', ಅದರ ಕೆಳಗೆ ದೊಡ್ಡಪ್ಪನ ಹೆಸರು, ರಿಪೇರಿ ಎಂಬ ಮಾತಿಲ್ಲದೆ. ಅದನ್ನು ಅವರು ಅಂಗಿಯ ಜೇಬಿನಲ್ಲಿಟ್ಟುಕೊಂಡು ಪೇಪರು ಹಾಕುವವನಿಗೂ ತೋರಿಸಿದರು.

ಒಂದೇ ತೊಡಕು. ವಾದ್ಯ ಸೊಗಸಾಗಿ ನುಡಿಯುತ್ತಿತ್ತು, ಆದರೆ ಮಾತಿಗೆ ಉತ್ತರ ಕೊಡುತ್ತಿರಲಿಲ್ಲ. ದೊಡ್ಡಪ್ಪ ಅದರ ಮುಂದೆ ಕೂತು ಹಲೋ ಎಂದರು, ಕೆಮ್ಮಿದರು, ಗದರಿದರು. ಒಳತಂತಿಗಳು ಮಿಸುಕಲಿಲ್ಲ. ಪುಸ್ತಕದಲ್ಲಿ ಆ ಭಾಗದ ಕೊನೆಯ ಪುಟ ಹೀಗೆ ಮುಗಿದಿತ್ತು: 'ಎಲ್ಲಕ್ಕಿಂತ ಮುಖ್ಯವಾದುದನ್ನು ಮರೆಯಬೇಡ, ಒಳತಂತಿಗಳನ್ನು'. ಮುಂದಿನ ಪುಟ ಹೀಗೆ ಶುರುವಾಗಿತ್ತು: 'ಸೋಪಿನ ನೀರಿನಲ್ಲಿ ತೊಳೆದು ನೆರಳಿನಲ್ಲಿ ಒಣಗಿಸಬೇಕು'. ದೊಡ್ಡಪ್ಪ ಹನ್ನೊಂದು ಹಿತ್ತಾಳೆ ತಂತಿಗಳನ್ನು ಬಿಚ್ಚಿ, ಸೋಪಿನ ನೀರಿನಲ್ಲಿ ತೊಳೆದು, ಹಿತ್ತಲಿನ ನೆರಳಿನಲ್ಲಿ ಬಟ್ಟೆಯ ಕ್ಲಿಪ್ಪು ಹಾಕಿ ಒಣಗಿಸಿದರು. ಮತ್ತೆ ಕಟ್ಟಿದರು. ಏನೂ ಇಲ್ಲ. ಮತ್ತೆ ತೊಳೆದರು, ಈ ಸಲ ಬೇರೆ ಸೋಪು.

ಕಾರ್ಯಕ್ರಮಕ್ಕೆ ಒಂದು ವಾರ ಉಳಿದಿತ್ತು. ನಾನು ಕೌಂಟರಿನಲ್ಲಿ ಕೂತಿದ್ದಾಗ ಗ್ರಂಥಾಲಯದ ಬಾಗಿಲು ದಢಾರನೆ ತೆರೆಯಿತು. ದೊಡ್ಡಮ್ಮ! ಒಂದು ಕಾಲಿಗೆ ತನ್ನ ಚಪ್ಪಲಿ, ಇನ್ನೊಂದು ಕಾಲಿಗೆ ದೊಡ್ಡಪ್ಪನದು. ಕಂಕುಳಲ್ಲಿ ಮಾತು ಮರೆತ ರಾಣಿಯ ಕಾದಂಬರಿ.

"ಪುಟ್ಟೀ! ಕೆಟ್ಟೆ ಕಣೇ!"

ಓದುತ್ತಿದ್ದವರೆಲ್ಲ ತಲೆ ಎತ್ತಿದರು. ಅವಳನ್ನು ಕಪಾಟುಗಳ ಹಿಂದಕ್ಕೆ ಎಳೆದುಕೊಂಡು ಹೋದೆ. ಅಂದು ಬಿಡುವಾಗಿ ಅವಳು ಕಾದಂಬರಿ ಓದಲು ಕೂತಿದ್ದಳು. ಶತ್ರುಗಳು ಮೋಡದ ಕೋಟೆಗೆ ಏಣಿ ಹಾಕಿದ್ದಾರೆ, ಒಳಗೆ ಮುದುಕನೊಬ್ಬ ರಾಣಿಗಾಗಿ ವಾದ್ಯ ಮಾಡುತ್ತ ಮಗಳಿಗೆ ವಿವರಿಸಲು ಬಾಯಿ ತೆರೆದಿದ್ದಾನೆ, ಪುಟ ತಿರುಗಿಸಿದರೆ ಪಿಟೀಲಿನ ಪೆಟ್ಟಿಗೆಗೆ ಗೆದ್ದಲು ಹತ್ತದ ಹಾಗೆ ನೋಡಿಕೊಳ್ಳುವುದು ಹೇಗೆ ಎಂದಿದೆ! "ಮೊದಲು ಏನೋ ಹೊಸ ಶೈಲಿ ಇರಬೇಕು ಅಂದ್ಕೊಂಡೆ ಕಣೇ. ಆಮೇಲೆ ಕಮಾನಿನ ಕೂದಲು ತೊಳೆಯೋದು ಬಂತು. ಆಗ ಅಡಿಯ ಅಂಕಿ ನೋಡ್ದೆ. ಎಂಟು."

ನನಗೆ ನಗು ಉಕ್ಕಿತು. ಸೋಪಿನ ನೀರು ನೆನಪಾಗಿ ಇನ್ನೂ ಉಕ್ಕಿತು. ಅವಳ ಮುಖ ನೋಡಿದಾಗ ನಗು ಅಲ್ಲೇ ಇಂಗಿತು.

"ಅವರು ವೇದಿಕೆ ಮೇಲೆ ನಿಂತು ಇದು ಚರಿತ್ರೆ ಅಂತಾರೆ. ಈ ಕಾದಂಬರಿ ಓದಿದೋನು ಒಬ್ಬನಾದ್ರೂ ಇರಲ್ವಾ? ಎದ್ದು ನಿಂತು, ಇದು ನೀಲಿ ಹಲ್ಲಿ ಕತೆ ಅಲ್ವೇನ್ರೀ ಅಂದ್ರೆ? ಮುದಿ ವಯಸ್ಸಲ್ಲಿ ಅವರನ್ನ ನಗೆಪಾಟಲು ಮಾಡೋಕೆ ನಾನೇ ಹೊಲಿದು ಕೊಟ್ಟ ಹಾಗಾಯ್ತಲ್ಲ!"

"ಹೇಳಿಬಿಡು ಹಾಗಾದ್ರೆ."

"ಹೇಳಿದ್ರೆ ಕೈ ಬಿಡ್ತಾರೆ ಕಣೇ. ಜನ್ಮಕ್ಕೆ ಒಂದು ವಾದ್ಯ ಮಾಡಿದ್ದಾರೆ. ಆ ಡಬ್ಬಿ ಚೀಟಿ ನಿಂಗೆ ಗೊತ್ತಲ್ಲ."

ಅವಳಿಗೆ ಅದು ಬಿಸಿತುಪ್ಪವಾಗಿತ್ತು, ಉಗುಳುವ ಹಾಗಿಲ್ಲ, ನುಂಗುವ ಹಾಗಿಲ್ಲ. ಆದರೆ ಅವಳು ಓಡಿಬಂದದ್ದು ಬರೀ ಅದಕ್ಕಲ್ಲ. ಅವಳು ಕಾದಂಬರಿಯ ಒಂಬತ್ತನೇ ಫಾರಂ ತೆರೆದು ಮೊದಲ ಸಾಲಿನ ಮೇಲೆ ಬೆರಳಿಟ್ಟಳು. ದೊಡ್ಡಪ್ಪನ ಪುಸ್ತಕದಲ್ಲಿ ಸೋಪಿನ ನೀರಿಗೆ ಬಿದ್ದಿದ್ದ ವಾಕ್ಯದ ನಿಜವಾದ ಬಾಲ ಅಲ್ಲಿತ್ತು: 'ಹೊರತಂತಿಗಳ ಶ್ರುತಿಗೆ ಕೂಡಿಸಬೇಡ, ಮಗಳೇ. ನೀನು ದಿನವೂ ಕೇಳುವ, ಆದರೆ ಕಿವಿಗೊಡದ ದನಿಯೊಂದಿರುತ್ತದೆ. ಆ ದನಿಗೆ ಕೂಡಿಸು.'

ರೋಗ ಎಲ್ಲಿತ್ತೋ ಮದ್ದೂ ಅಲ್ಲೇ! "ಈ ಮಾತನ್ನ ನಿನ್ನ ತಲೆಗೇ ಹೊಳೀತು ಅಂತ ಹೇಳು ದೊಡ್ಡಮ್ಮ. ಪುಸ್ತಕದ ಸುದ್ದಿ ಎತ್ತಬೇಡ. ನಾನು ಎರಡನ್ನೂ ಗ್ರಂಥಾಲಯಕ್ಕೆ ತಂದು ಮುಚ್ಚಿಡ್ತೀನಿ."

"ನಲವತ್ತು ವರ್ಷದಿಂದ ಒಂದೇ ಮೇಜು. ನಾನು ಸುಳ್ಳು ಹೇಳಿದ್ರೆ ಅವರಿಗೆ ನನ್ನ ಬೆನ್ನು ನೋಡಿದ್ರೇ ಗೊತ್ತಾಗುತ್ತೆ" ಎಂದು ಅವಳು ಪುಸ್ತಕ ಮುಚ್ಚಿದಳು. "ನೀನು ಮಾತ್ರ ನಾನು ತಪ್ಪು ಹೊಲಿದೆ ಅಂತ ಯಾರ ಹತ್ರಾನೂ ಬಾಯಿ ಬಿಡಬೇಡ. ಆಣೆ."

ಸಂಜೆ ನಾನೂ ಜೊತೆಗೆ ಹೋದೆ. ದೊಡ್ಡಮ್ಮ ಎರಡೂ ಪುಸ್ತಕಗಳನ್ನು ತೆರೆದು, ಮೇಜಿನ ಮೇಲೆ, ಸರಿಯಾಗಿ ಗಡಿಯ ಮೇಲಿಟ್ಟಳು. "ಓದ್ರೀ" ಎಂದಳು. ದೊಡ್ಡಪ್ಪ ಅದರಿಂದ ಇದಕ್ಕೆ, ಇದರಿಂದ ಅದಕ್ಕೆ ಕಣ್ಣು ಓಡಿಸಿದರು. ಅವರ ಬಾಯಿಂದ ಬಂದದ್ದು ಒಂದೇ ಪ್ರಶ್ನೆ.

"ಹಾಗಾದ್ರೆ ಅದು... ನಿಜವಾಗ್ಲೂ ಹಲ್ಲೀನೇನಾ?"

"ಹೂಂ. ಮುಂದೆ ಹಾರುತ್ತೆ ಕೂಡ."

ದೊಡ್ಡಪ್ಪ ಜೇಬಿನಿಂದ ಆಹ್ವಾನ ಪತ್ರಿಕೆ ತೆಗೆದು ಅವಳ ಅರ್ಧದ ಮೇಲಿಟ್ಟರು. ವಾದ್ಯದ ಮೇಲೆ ಹಳೆಯ ಹೊದಿಕೆ ಎಳೆದರು. ಮೂಲೆಯ ಗಿಟಾರೊಂದನ್ನು ತೊಡೆಯ ಮೇಲೆ ಹಾಕಿಕೊಂಡು, "ರಿಪೇರಿಯವನಿಗೆ ರಿಪೇರಿನೇ ಸರಿ" ಎಂದರು. ಬಯ್ದಿದ್ದರೆ ದೊಡ್ಡಮ್ಮ ತಿರುಗಿ ಬಯ್ಯುತ್ತಿದ್ದಳು. ಅವರು ಬಯ್ಯಲಿಲ್ಲ, ಅದಕ್ಕೇ ಅವಳು ಒಳಗೆ ಹೋಗಿ ಅತ್ತಳು. ನನಗೂ ಅಳು ಬಂತು, ಜೊತೆಗೆ ಆ ಎರಡೂ ಪುಸ್ತಕಗಳನ್ನು ಹಿತ್ತಲಿಗೆ ಎಸೆಯುವಷ್ಟು ಸಿಟ್ಟು ಬಂತು.

ಮರುದಿನ ಅವಳು ಊಟಕ್ಕೆ ಕೂಗಿದಳು. ದೊಡ್ಡಪ್ಪ ಒಂದನೇ ಕೂಗಿಗೇ ಎದ್ದು ಬಂದು ಎಲ್ಲ ತಿಂದು, ತಟ್ಟೆ ತೊಳೆದಿಟ್ಟು ಹೋದರು. ದೊಡ್ಡಮ್ಮ ನಡುಗಿಬಿಟ್ಟಳು. "ಪುಟ್ಟಿ, ಕರೆದ ತಕ್ಷಣ ಬಂದ್ರು ಕಣೇ. ಇವರಿಗೇನೋ ಆಗಿದೆ" ಎಂದು ನನಗೆ ಫೋನ್ ಮಾಡಿದಳು.

ಮೂರನೇ ದಿನ ಅವಳು ಕೂಗಿದಾಗ ಅವರು ಬರಲಿಲ್ಲ. ಎರಡನೇ ಕೂಗಿಗೂ ಇಲ್ಲ. ಬಂದೆ ಎಂಬ ಉತ್ತರವೂ ಇಲ್ಲ. ಹೆದರಿ ಮುಂದಿನ ಕೋಣೆಗೆ ಬಂದರೆ ದೊಡ್ಡಪ್ಪ ಗಡಿ ದಾಟಿ, ಅವಳ ಅರ್ಧದಲ್ಲಿ, ಅವಳ ಕುರ್ಚಿಯಲ್ಲಿ ಕೂತು ಮಾತು ಮರೆತ ರಾಣಿಯ ಕತೆ ಓದುತ್ತಿದ್ದಾರೆ! ಕಣ್ಣು ಪುಟದಿಂದ ಮೇಲೇಳುತ್ತಿಲ್ಲ.

"ಕೋಟೆ ಬೀಳುತ್ತೇನೇ?"

"ಹೇಳಲ್ಲ. ಓದಿ."

"ಅದಿರಲಿ. ಇನ್ನೊಂದು ಸಲ ಊಟಕ್ಕೆ ಕೂಗು."

"ಇಲ್ಲೇ ನಿಂತಿದ್ದೀನಲ್ರೀ."

"ಅಡುಗೆಮನೆಯಿಂದ ಕೂಗೇ! ದಿನಾ ಕೂಗೋ ಹಾಗೆ! ನಾನು ದಿನಾ ಕೇಳಿ ಕಿವಿಗೆ ಹಾಕ್ಕೊಳ್ಳದೇ ಇರೋ ದನಿ ಈ ಪ್ರಪಂಚದಲ್ಲಿ ಇನ್ಯಾವುದಿದೆ?"

ಅಂದು ಮಧ್ಯಾಹ್ನವಿಡೀ ನಮ್ಮ ದೊಡ್ಡಮ್ಮ ಊಟಕ್ಕೆ ಕೂಗಿದಳು. ನಾನು ಹೋಗುವಷ್ಟರಲ್ಲಿ ಬಾಗಿಲಲ್ಲಿ ಅಕ್ಕಪಕ್ಕದವರು ಸೇರಿದ್ದರು, ಏನು ವಿಶೇಷ, ಯಾರಿಗೆ ಊಟ ಎಂದು. ದೊಡ್ಡಪ್ಪ ವಾದ್ಯವನ್ನು ಬೋರಲು ಮಲಗಿಸಿ, ಹಿಂದಿನ ಪುಟ್ಟ ಬಾಗಿಲಿನಿಂದ ಕೈ ತೂರಿಸಿ, ಅವಳ ದನಿ ಎಲ್ಲಿ ಏಳುತ್ತದೆ, ಎಲ್ಲಿ ಎಳೆಯುತ್ತದೆ, ಎಲ್ಲಿ ಇಳಿಯುತ್ತದೆ ಎಂದು ಒಂದೊಂದೇ ತಂತಿಯನ್ನು ಕೂಡಿಸುತ್ತಿದ್ದರು. "ಅಯ್ಯೋ, ಈ ಕೊನೇಲಿ ಸ್ವಲ್ಪ ಮೇಲಕ್ಕೆ ಹೋಗ್ತೀಯಾ ನೀನು! ನನಗೆ ಗೊತ್ತೇ ಇರಲಿಲ್ಲ!" ಎಂದು ಖುಷಿಯಿಂದ ಕಿರುಚಿದರು. ದೊಡ್ಡಮ್ಮ ಗಂಟಲು ಒಣಗಿ, ನೀರು ಕುಡಿದು, ಮತ್ತೆ ಕೂಗಿದಳು. ನಡುನಡುವೆ ಬಯ್ಯುತ್ತಲೂ ಇದ್ದಳು, ಕಣ್ಣು ಮಾತ್ರ ಮಿನುಗುತ್ತಿತ್ತು.

ಆದರೆ ವಾದ್ಯದ ಹಿಂದಿನ ಆ ಬಾಗಿಲು ಮುಚ್ಚಿದರೆ ತಾನೇ ಹೊಟ್ಟೆಯೊಳಗಿನ ನಾದ ಹೊರಗೆ ಬರುವುದು? ಕಾರ್ಯಕ್ರಮದ ಹಿಂದಿನ ದಿನ ದೊಡ್ಡಪ್ಪ ಅದನ್ನು ಅಂಟಿಸಿದರು. ಅಂಟು ಒಣಗುವವರೆಗೆ ವಾದ್ಯದ ಹತ್ತಿರ ಯಾರೂ ಗಟ್ಟಿಯಾಗಿ ಉಸಿರಾಡುವಂತಿರಲಿಲ್ಲ, ಇನ್ನು ಕೂಗುವುದೆಲ್ಲಿ ಬಂತು. ಹಾಗಾಗಿ ಅದು ಉತ್ತರ ಕೊಡುತ್ತದೋ ಇಲ್ಲವೋ ಎಂದು ಯಾರೂ ನೋಡಿರಲಿಲ್ಲ. ಬಾಗಿಲು ಅಂಟಿಸುವ ಮೊದಲು ಅವರು ದೊಡ್ಡಮ್ಮನ ಹತ್ತಿರ ಒಂದು ಚಮಚ ಮೈದಾ ಗೋಂದು ಬೇಡಿದರು.

"ಮರಕ್ಕೆ ಮೈದಾ ಗೋಂದಾ?"

"ಕೊಡೇ ಸುಮ್ನೆ."

ಸಂಗೀತ ಶಾಲೆಯ ಸಭಾಂಗಣ ತುಂಬಿತ್ತು. ದೊಡ್ಡಮ್ಮ ನನ್ನ ಪಕ್ಕದಲ್ಲಿ, ಮೂರನೇ ಸಾಲಿನಲ್ಲಿ, ನನ್ನ ಮುಂಗೈ ಹಿಡಿದು ಕೂತಿದ್ದಳು. ಮೇಡಂ ಮೈಕಿನ ಮುಂದೆ ಚರಿತ್ರೆಯ ಮಡಿಲು ಎಂದು ಶುರುಮಾಡಿದರು. ದೊಡ್ಡಪ್ಪ ವಾದ್ಯವನ್ನು ಮಗುವಿನಂತೆ ಎತ್ತಿಕೊಂಡು ಬಂದು, ಅವರ ಮಾತು ಮುಗಿಯುವ ಮೊದಲೇ ಮೈಕಿಗೆ ಬಗ್ಗಿದರು.

"ಮೇಡಂ, ಕ್ಷಮಿಸಬೇಕು. ಇದು ಚರಿತ್ರೆ ಅಲ್ಲ. ಕಟ್ಟುಕತೆ. ಹಾರೋ ಹಲ್ಲಿ ಇರೋ ಕಾದಂಬರಿಯಿಂದ ಬಂದದ್ದು. ನಾನು ಇವಳ ಕಂತೆಗಳನ್ನ ಬೀಳಿಸ್ದೆ, ಇವಳು ಓದದೇ ಹೊಲಿದ್ಲು. ಇಬ್ಬರ ತಪ್ಪೂ ಸೇರಿ ಹುಟ್ಟಿದ್ದು ಇದು."

ಸಭೆಯ ತುಂಬ ನಗು ಹಬ್ಬಿತು. ದೊಡ್ಡಮ್ಮ ನನ್ನ ಮುಂಗೈಗೆ ಉಗುರೂರಿದಳು. "ಇಷ್ಟು ಜನರ ಮುಂದೆ ಹೇಳೋದಾ! ನಿನಗೆ ಆಣೆ ಹಾಕ್ಸಿದ್ದೆಲ್ಲ ದಂಡ! ಕಂತೆ ಬೀಳಿಸಿದ್ದನ್ನ ಇವತ್ತು ಬಾಯಿಬಿಡ್ತಿದ್ದಾರೆ ನೋಡು ಕಳ್ಳ!"

ದೊಡ್ಡಪ್ಪ ಕಮಾನು ಎಳೆದರು. ನಗು ನಿಂತಿತು. ಕಪಾಟಿನ ಬಾಗಿಲಿನಿಂದ ಅಂಥ ನಾದ ಬಂದೀತೆಂದು ಯಾರೂ ಎಣಿಸಿರಲಿಲ್ಲ. ಮೇಡಂ ಕೈ ಜೋಡಿಸಿ, ಇನ್ನು ಇದು ಮಾತಿಗೆ ಉತ್ತರ ಕೊಡುವುದನ್ನು ಕೇಳೋಣ ಎಂದು ತಾವೇ ಅದರ ಮುಂದೆ ಒಂದು ಸಾಲು ಹಾಡಿದರು. ವಾದ್ಯ ಸುಮ್ಮನಿತ್ತು. ಅವರ ಶಿಷ್ಯೆಯೊಬ್ಬಳು ಹಾಡಿದಳು. ಸುಮ್ಮನಿತ್ತು. ಹಿಂದಿನ ಸಾಲಿನಿಂದ ಯಾರೋ, "ರಿಪೇರಿಯವರೇ, ಇದಕ್ಕೂ ಒಂದು ರಿಪೇರಿ ಆಗ್ಬೇಕೇನೋ!" ಎಂದರು. ಮತ್ತೆ ನಗು, ಈ ಸಲ ಕೆಟ್ಟ ನಗು. ದೊಡ್ಡಪ್ಪ ಮೂರನೇ ಸಾಲಿನ ಕಡೆ ನೋಡಿದರು.

ರಿಪೇರಿ ಎಂಬ ಮಾತು ಕೇಳಿದ್ದೇ ತಡ, ದೊಡ್ಡಮ್ಮ ಎದ್ದಳು. ನನ್ನ ಕಾಲು ತುಳಿದಳು, ಪಕ್ಕದವರ ಕಾಲು ತುಳಿದಳು, ದಡದಡನೆ ವೇದಿಕೆ ಹತ್ತಿದಳು. ಸೆರಗು ಸೊಂಟಕ್ಕೆ ಸಿಕ್ಕಿಸಿ, ವಾದ್ಯದ ಮುಂದೆ ನಿಂತು, ಅಡುಗೆಮನೆಯಲ್ಲಿ ನಿಂತು ಕೂಗುವ ಹಾಗೇ ಕೂಗಿದಳು.

"ಊಟಕ್ಕೆ ಬನ್ರೀ...!"

ಸಭೆಯೆಲ್ಲ ಬಿದ್ದು ಬಿದ್ದು ನಕ್ಕಿತು. ಆಮೇಲೆ ಮುಂದಿನ ಸಾಲಿನವರು ಕೈ ಎತ್ತಿ ಎಲ್ಲರನ್ನೂ ಸುಮ್ಮನಾಗಿಸಿದರು. ಅವಳ ಕೂಗು ನಿಂತಿತ್ತು, ನಾದ ನಿಂತಿರಲಿಲ್ಲ. ಯಾರೂ ಮುಟ್ಟದ ವಾದ್ಯದ ಹೊಟ್ಟೆಯೊಳಗಿಂದ ಅವಳದೇ ಏರಿಳಿತ, ಕೊನೆಯಲ್ಲಿ ಕೊಂಚ ಮೇಲಕ್ಕೆ ಹೋಗುವ ಅವಳದೇ ಎಳೆತ, ಮೆಲ್ಲಗೆ ಗುಂಯ್ಗುಡುತ್ತಿತ್ತು. ನನಗೆ ಕೂರಲಾಗಲಿಲ್ಲ. ಎದ್ದು ನಿಂತು ಚಪ್ಪಾಳೆ ಹೊಡೆದೆ, ಅಳುತ್ತಲೂ ಇದ್ದೆ, ನಗುತ್ತಲೂ ಇದ್ದೆ. ಹಿಂದಿನ ಸಾಲಿಗೆ ತಿರುಗಿ ಆ ಬಾಯಿಬಡುಕನಿಗೆ ಏನೋ ಅಂದೆ ಕೂಡ, ಅದನ್ನು ಇಲ್ಲಿ ಬರೆಯುವುದಿಲ್ಲ.

ಮೇಡಂ ಕಣ್ಣೊರೆಸಿಕೊಂಡು, "ಮಾಡಿದವರ ಚೀಟಿ ಅಂಟಿಸಿದ್ದೀರಾ?" ಎಂದು ಕೇಳಿದರು. ದೊಡ್ಡಪ್ಪ ಹೌದೆಂದು ತಲೆಯಾಡಿಸಿದರು. ಮೇಡಂ ಒಂದು ಟಾರ್ಚು ತರಿಸಿ, ಸೀಳಿನಲ್ಲಿ ಇಣುಕಿ ನೋಡಿದರು. ಓದಿ ಹೇಳಲಿಲ್ಲ. ಟಾರ್ಚನ್ನು ದೊಡ್ಡಮ್ಮನ ಕೈಗೆ ಕೊಟ್ಟರು.

ನಾನೂ ಆಮೇಲೆ ವೇದಿಕೆ ಹತ್ತಿ ನೋಡಿದೆ. ಬಿಸ್ಕತ್ತಿನ ಡಬ್ಬಿಯ ಆ ಹಳದಿ ಚೀಟಿ, ದೊಡ್ಡಮ್ಮ ಹುಡುಗಿಯಾಗಿದ್ದಾಗ ಕತ್ತರಿಸಿದ್ದು. ಮೇಲೆ ಬಳ್ಳಿಯ ಚಿತ್ತಾರ. 'ಮಾಡಿದವರು' ಎಂಬ ಅಚ್ಚಿನ ಮುಂದೆ ದೊಡ್ಡಪ್ಪನ ಹೆಸರು. ಅದಕ್ಕಿಂತ ಮೊದಲು, ಇದ್ದ ಕಿರಿದಾದ ಜಾಗದಲ್ಲಿ, ಶಾಯಿಯಿಂದ ಬರೆದ ಅವಳ ಹೆಸರು.

ದೊಡ್ಡಮ್ಮ ಸೀಳಿಗೆ ಮುಖ ಹಚ್ಚಿ ಓದಿದಳು. ಸಭೆಯಲ್ಲಿದ್ದವರೆಲ್ಲ ಅವಳು ಏನು ಹೇಳುತ್ತಾಳೋ ಎಂದು ಕಾದರು.

"ಎಡಗಡೆ ಅಂಚು ಎದ್ದಿದೆ" ಎಂದಳು. "ಗೋಂದು ತೆಳ್ಳಗೆ ಹಚ್ಚಿ ಅಂತ ಎಷ್ಟು ಸಲ ಹೇಳಿಲ್ಲ ನಾನು?"

ದೊಡ್ಡಪ್ಪ ಬಾಯಿ ತೆರೆಯುವ ಮೊದಲೇ ವಾದ್ಯ ಅವಳಿಗೆ ಉತ್ತರ ಕೊಟ್ಟಿತು.